ಬ್ಯಾಂಕಾಕಿನಲ್ಲಿ ಒಂದು ಸಂಜೆ: ಟುಕ್‌ಟುಕ್ ಪ್ರವಾಸವೋ, ಬೀದಿಯ ಬಾಡಿಗೆಯೋ, ಮೆಟ್ರೋ ಹಿಡಿದು ನಡೆಯುವುದೋ?

ಬೆಂಗಳೂರಿನಿಂದ ಬ್ಯಾಂಕಾಕಿಗೆ ನೇರ ವಿಮಾನಗಳಿರುವುದರಿಂದ, ನಾಲ್ಕೈದು ದಿನಗಳ ರಜೆ ಸಿಕ್ಕರೆ ಅತ್ತ ಹೊರಡುವ ಕನ್ನಡದ ಕುಟುಂಬಗಳು ಈಗ ಅಪರೂಪವಲ್ಲ. ಹೀಗೆ ಹೋಗುವವರಲ್ಲಿ ಬಹಳ ಮಂದಿ ಹಗಲುಗಳನ್ನು ಸಮುದ್ರ ತೀರಕ್ಕೂ ಅಂಗಡಿ ಬೀದಿಗಳಿಗೂ ಮೀಸಲಿಟ್ಟು, ಹಳೆಯ ನಗರಕ್ಕೆಂದು ಒಂದೇ ಒಂದು ಸಂಜೆಯನ್ನು ಉಳಿಸಿಕೊಂಡಿರುತ್ತಾರೆ. ಆ ಸಂಜೆಯನ್ನು ಟುಕ್‌ಟುಕ್ ಎಂಬ ಅಲ್ಲಿನ ಆಟೋದಲ್ಲಿ ಮಾರ್ಗದರ್ಶಿ ಸಹಿತವಾದ ಪ್ರವಾಸಕ್ಕೆ ಕೊಡಬೇಕೇ, ಬೀದಿಯಲ್ಲೇ ಒಂದು ಟುಕ್‌ಟುಕ್ ಗೊತ್ತು ಮಾಡಿಕೊಳ್ಳಬೇಕೇ, ಅಥವಾ ಮೆಟ್ರೋದಲ್ಲಿ ಹೋಗಿ ಕಾಲ್ನಡಿಗೆಯಲ್ಲೇ ಸುತ್ತಬೇಕೇ ಎಂದು ಕೇಳುವವರಿಗೆ ಒಂದೇ ಉತ್ತರ ಕೊಡಲಾಗುವುದಿಲ್ಲ. ಜೊತೆಯಲ್ಲಿ ಯಾರಿದ್ದಾರೆ, ಏನು ಉಣ್ಣುತ್ತಾರೆ, ಚೌಕಾಸಿ ಮಾಡುವ ತಾಳ್ಮೆ ಎಷ್ಟಿದೆ ಎಂಬುದರ ಮೇಲೆ ಉತ್ತರ ಬದಲಾಗುತ್ತದೆ. ಆದರೆ ಇವೆಲ್ಲಕ್ಕಿಂತ ಮೊದಲು ತಿಳಿದಿರಬೇಕಾದ ಸಂಗತಿಯೊಂದಿದೆ: ಕತ್ತಲಾದ ಮೇಲೆ ಬ್ಯಾಂಕಾಕಿನಲ್ಲಿ ಯಾವ ಬಾಗಿಲು ತೆರೆದಿರುತ್ತದೆ, ಯಾವುದು ಮುಚ್ಚಿರುತ್ತದೆ ಎಂಬುದು. ವಾಹನದ ಆಯ್ಕೆ ಅದರ ನಂತರದ್ದು.

ಮೊದಲ ಮಾನದಂಡ: ಗಡಿಯಾರ

1782ರಲ್ಲಿ ಮೊದಲನೆಯ ರಾಮ ಎಂದು ಕರೆಯಲ್ಪಡುವ ದೊರೆ ಚಾವೊ ಫ್ರಾಯಾ ನದಿಯ ಪೂರ್ವ ದಂಡೆಯಲ್ಲಿ ಕಟ್ಟಿಸಿದ ರಾಜಧಾನಿಯೇ ಇಂದು ರತ್ತನಕೋಸಿನ್ ಎಂಬ ಹೆಸರಿನ ಹಳೆಯ ನಗರ. ನೋಡಬೇಕಾದ ತಾಣಗಳಲ್ಲಿ ಹೆಚ್ಚಿನವು ಅಲ್ಲಿಯೇ, ಒಂದಕ್ಕೊಂದು ಹತ್ತಿರದಲ್ಲಿಯೇ ಇವೆ. ಅಲ್ಲಿನ ರಾಜರ ಮಹಾ ಅರಮನೆಗೆ (ಗ್ರ್ಯಾಂಡ್ ಪ್ಯಾಲೇಸ್) ಟಿಕೆಟ್ ಕೊಡುವುದು ಮಧ್ಯಾಹ್ನ ಮೂರೂವರೆಗೆ ನಿಂತುಹೋಗುತ್ತದೆ. ಆದ್ದರಿಂದ ಯಾವ ಸಂಜೆಯ ಪ್ರವಾಸವೂ, ಅದು ಎಷ್ಟೇ ದುಬಾರಿಯಾಗಿರಲಿ, ನಿಮ್ಮನ್ನು ಅರಮನೆಯ ಒಳಗೆ ಕರೆದೊಯ್ಯಲಾರದು. ದೀಪ ಹಾಕಿದ ಬಿಳಿಯ ಗೋಡೆಯನ್ನೂ ಅದರ ಮೇಲೆ ಹೊಳೆಯುವ ಶಿಖರಗಳನ್ನೂ ಹೊರಗಿನಿಂದ ತೋರಿಸಬಲ್ಲದು, ಅಷ್ಟೇ. ನದಿಯಾಚೆಯ ವಾಟ್ ಅರುಣ್ ಸಂಜೆ ಆರಕ್ಕೆ ಮುಚ್ಚುತ್ತದೆ. ನಮ್ಮ ಸೂರ್ಯನ ಸಾರಥಿ ಅರುಣನ ಹೆಸರನ್ನೇ ಹೊತ್ತ ಈ ದೇವಾಲಯ ಪಶ್ಚಿಮ ದಂಡೆಯಲ್ಲಿರುವುದರಿಂದ, ಈಚೆಯ ಥಾ ತಿಯನ್ ಕಟ್ಟೆಯಿಂದ ನೋಡಿದರೆ ಸೂರ್ಯ ಅದರ ಹಿಂದೆಯೇ ಇಳಿಯುತ್ತಾನೆ. ಅರುಣೋದಯದ ಹೆಸರಿನ ಗುಡಿಯನ್ನು ಎಲ್ಲರೂ ಸೂರ್ಯಾಸ್ತದಲ್ಲಿ ನೋಡಲು ಸೇರುವುದು ಅಲ್ಲಿನ ಒಂದು ಸೊಗಸಾದ ವಿಪರ್ಯಾಸ.

ವಾಟ್ ಫೋ ಇವೆರಡಕ್ಕಿಂತ ಉದಾರವಾದದ್ದು. ನಲವತ್ತಾರು ಮೀಟರ್ ಉದ್ದದ, ಹದಿನೈದು ಮೀಟರ್ ಎತ್ತರದ ಶಯನ ಬುದ್ಧನನ್ನು ಸಂಜೆ ಏಳೂವರೆಯವರೆಗೂ ನೋಡಬಹುದು. ಮಧ್ಯಾಹ್ನದ ಜಂಗುಳಿ ಕರಗಿದ ಮೇಲೆ, ಆರೂವರೆಯ ಹೊತ್ತಿಗೆ, ಆ ಆವರಣ ಬಹುತೇಕ ನಿಮ್ಮದೇ ಆಗಿರುತ್ತದೆ. ಸ್ವರ್ಣಗಿರಿ ಎಂದು ಹೆಸರಾದ ವಾಟ್ ಸಕೇತ್‌ನ ದಿಬ್ಬವನ್ನು ಏರಲು ಮುನ್ನೂರಕ್ಕೂ ಹೆಚ್ಚು ಮೆಟ್ಟಿಲುಗಳಿವೆ, ಅದು ಏಳಕ್ಕೆ ಮುಚ್ಚುತ್ತದೆ. ಇನ್ನು ರಾತ್ರಿಯಲ್ಲೇ ಜೀವ ತಳೆಯುವ ತಾಣಗಳು ಎರಡು. ಒಂದು, ಪಾಕ್ ಖ್ಲಾಂಗ್ ತಲಾಟ್ ಎಂಬ ಹೂವಿನ ಮಾರುಕಟ್ಟೆ, ಹಗಲಿರುಳೂ ತೆರೆದಿದ್ದು ರಾತ್ರಿ ತಡವಾದಂತೆ ರಂಗೇರುವಂಥದ್ದು. ಇನ್ನೊಂದು, ಯಾವರಾಟ್ ರಸ್ತೆಯ ಚೀನೀಯರ ಪೇಟೆ, ಅದರ ಬೀದಿ ಅಡುಗೆ ಆರೂವರೆಯ ನಂತರವೇ ಒಲೆ ಹೊತ್ತಿಸುವುದು. ಸೋಮವಾರ ಅಲ್ಲಿನ ಬಹಳಷ್ಟು ಬೀದಿ ಅಂಗಡಿಗಳಿಗೆ ರಜೆ; ನಿಮ್ಮ ಒಂದೇ ಸಂಜೆ ಸೋಮವಾರಕ್ಕೆ ಬಿದ್ದರೆ ಅದನ್ನು ಬದಲಾಯಿಸಿಕೊಳ್ಳುವುದು ಒಳ್ಳೆಯದು.

ಡಿಸೆಂಬರಿನಲ್ಲಿ ಸೂರ್ಯ ಆರು ಗಂಟೆಗೆ ಮೊದಲೇ ಮುಳುಗುತ್ತಾನೆ, ಜುಲೈಯಲ್ಲಿ ಏಳಕ್ಕೆ ಸ್ವಲ್ಪ ಮುಂಚೆ. ಈ ಒಂದು ಗಂಟೆಯ ವ್ಯತ್ಯಾಸ ಇಡೀ ಯೋಜನೆಯನ್ನು ತಲೆಕೆಳಗು ಮಾಡಬಲ್ಲದು. ಡಿಸೆಂಬರಿನಲ್ಲಿ ಸೂರ್ಯಾಸ್ತ ಮುಗಿಸಿಕೊಂಡೂ ಶಯನ ಬುದ್ಧನನ್ನು ನಿಧಾನವಾಗಿ ನೋಡಬಹುದು. ಜುಲೈಯಲ್ಲಿ ಮೊದಲು ಬುದ್ಧನನ್ನು ನೋಡಿ ನಂತರ ನದಿಗೆ ಬರಬೇಕು. ಪ್ರವಾಸ ಕಂಪನಿಗಳು ವರ್ಷವಿಡೀ ಒಂದೇ ಹೊತ್ತಿಗೆ ಹೊರಡುವುದಾದರೆ, ಕಾಯ್ದಿರಿಸುವ ಮೊದಲು ಇದನ್ನು ಕೇಳಿಕೊಳ್ಳಬೇಕು.

ಉಳಿದ ಮಾನದಂಡಗಳನ್ನು ಬೇಗ ಹೇಳಿಬಿಡುತ್ತೇನೆ. ತಲೆಗೆ ಎಷ್ಟು ಖರ್ಚು ಮತ್ತು ಅದು ಗುಂಪು ದೊಡ್ಡದಾದಂತೆ ಹೇಗೆ ಏರುತ್ತದೆ. ಊಟ ಪ್ರವಾಸದ ಭಾಗವೇ ಅಥವಾ ಬೇರೆಯೇ. ಜೊತೆಗಿರುವ ಹಿರಿಯರ ಮೊಣಕಾಲು ಎಷ್ಟು ನಡಿಗೆಯನ್ನು ತಾಳುತ್ತದೆ. ಮಳೆ ಬಂದರೆ ಏನು ಗತಿ. ಮತ್ತು, ಬಹಳ ಜನ ಮರೆಯುವ ಪ್ರಶ್ನೆ, ಎಲ್ಲ ಮುಗಿದ ಮೇಲೆ ನಿಮ್ಮನ್ನು ಎಲ್ಲಿ ಇಳಿಸುತ್ತಾರೆ. ಬೆಲೆಗಳನ್ನು ಬಾತ್‌ಗಳಲ್ಲಿ ಹೇಳಿದ್ದೇನೆ; ಒಂದು ಬಾತ್‌ಗೆ ಎರಡೂವರೆಯಿಂದ ಮೂರು ರೂಪಾಯಿ ಎಂದು ಲೆಕ್ಕ ಹಾಕಿಕೊಳ್ಳಬಹುದು.

ವಾಹನದ ಬಗ್ಗೆ ಒಂದು ಮಾತು

ಆಟೋದಲ್ಲೇ ಬೆಳೆದ ನಮಗೆ ಟುಕ್‌ಟುಕ್ ಅಂಥ ಬೆರಗಿನ ವಸ್ತುವಲ್ಲ ಎಂದು ಅನ್ನಿಸಬಹುದು, ಅದು ಅರ್ಧ ಮಾತ್ರ ನಿಜ. ಜಪಾನಿನಿಂದ ಬಂದ ಮೂರು ಚಕ್ರದ ಸರಕು ಗಾಡಿಗಳಿಂದ ರೂಪುಗೊಂಡ ಈ ವಾಹನ, ಎಂಜಿನ್ನಿನ ಸದ್ದಿನಿಂದಲೇ ಹೆಸರು ಪಡೆಯಿತು; ಥಾಯ್ ಭಾಷೆಯಲ್ಲಿ ಅದನ್ನು ಸಾಮ್‌ಲೋ, ಅಂದರೆ ಮೂರು ಗಾಲಿ, ಎಂದೂ ಕರೆಯುತ್ತಾರೆ. ನಮ್ಮ ಆಟೋಗಿಂತ ಅಗಲವಾದ ಆಸನ, ಪಕ್ಕಗಳು ತೆರೆದಿರುತ್ತವೆ, ಮೇಲ್ಛಾವಣಿ ಮಾತ್ರ ಬಹಳ ತಗ್ಗು. ಹೀಗಾಗಿ ಕುಳಿತಲ್ಲಿಂದ ರಸ್ತೆ, ಅಂಗಡಿ, ಜನ, ಒಲೆಯ ಹೊಗೆ ಎಲ್ಲವೂ ಕಣ್ಣಳತೆಯಲ್ಲಿ ಕಾಣುತ್ತವೆ. ಎತ್ತರದ ಶಿಖರ ಮಾತ್ರ ಕಾಣುವುದಿಲ್ಲ, ಅದಕ್ಕೆ ತಲೆ ಹೊರಗೆ ಚಾಚಬೇಕು ಇಲ್ಲವೇ ಕೆಳಗಿಳಿಯಬೇಕು. ಬೀದಿ ನೋಡಲು ಟುಕ್‌ಟುಕ್‌ಗಿಂತ ಉತ್ತಮ ಆಸನವಿಲ್ಲ, ಗುಡಿ ನೋಡಲು ಅದಕ್ಕಿಂತ ಕೆಟ್ಟ ಆಸನವಿಲ್ಲ. ನಿಲ್ಲಿಸದೆ ಹಾದುಹೋಗುವ ತಾಣಗಳನ್ನೂ ಲೆಕ್ಕಕ್ಕೆ ಸೇರಿಸಿ ‘ಹತ್ತು ಸ್ಥಳಗಳ ದರ್ಶನ’ ಎಂದು ಮಾರುವ ಪ್ರವಾಸಗಳನ್ನು ಅಳೆಯಲು ಈ ಒಂದು ಸಂಗತಿ ಸಾಕು: ಎಷ್ಟು ಕಡೆ ಇಳಿಸುತ್ತೀರಿ ಎಂದು ಕೇಳಿ.

ಮಾರ್ಗದರ್ಶಿ ಸಹಿತ ಸಂಜೆಯ ಪ್ರವಾಸ

ಮೂರರಿಂದ ನಾಲ್ಕು ಗಂಟೆಗಳ ಈ ಪ್ರವಾಸಗಳಿಗೆ ತಲೆಗೆ ಸುಮಾರು 1,500ರಿಂದ 2,500 ಬಾತ್ ಆಗುತ್ತದೆ. ಒಂದು ಟುಕ್‌ಟುಕ್‌ನಲ್ಲಿ ಸಾಮಾನ್ಯವಾಗಿ ಇಬ್ಬರನ್ನು ಕೂರಿಸಿ, ಐದಾರು ವಾಹನಗಳು ಸಾಲಾಗಿ ಹೊರಡುತ್ತವೆ. ಯಾವರಾಟ್‌ನಲ್ಲಿ ತಿಂಡಿ, ಹೂವಿನ ಮಾರುಕಟ್ಟೆಯಲ್ಲಿ ಸುತ್ತಾಟ, ದೀಪದ ಬೆಳಕಿನಲ್ಲಿ ಒಂದೆರಡು ದೇವಾಲಯಗಳ ಅಂಗಳ, ವಾಟ್ ಅರುಣ್ ಕಾಣುವ ಯಾವುದೋ ಮಾಳಿಗೆ, ಇದು ಹೆಚ್ಚುಕಡಿಮೆ ಎಲ್ಲರೂ ಅನುಸರಿಸುವ ದಾರಿ.

ಈ ಹಣಕ್ಕೆ ಸಿಗುವುದರಲ್ಲಿ ಬೆಲೆ ಬಾಳುವುದು ಮಾರ್ಗದರ್ಶಿಯ ಮಾತು. ಉದಾಹರಣೆಗೆ ಸಾವೋ ಚಿಂಗ್ ಚಾ ಎಂಬ ಮಹಾ ಉಯ್ಯಾಲೆಯನ್ನೇ ತೆಗೆದುಕೊಳ್ಳಿ. ವಾಟ್ ಸುಥಾಟ್ ದೇವಾಲಯದ ಮುಂದೆ, ರಸ್ತೆಯ ನಡುವೆ ನಿಂತಿರುವ ಈ ಕೆಂಪು ತೇಗದ ಚೌಕಟ್ಟು ಬರಿಯ ಕಣ್ಣಿಗೆ ಬಾಗಿಲಿಲ್ಲದ ದೊಡ್ಡ ದ್ವಾರದಂತೆ ಕಾಣುತ್ತದೆ, ಉಯ್ಯಾಲೆಯೇ ಅದರಲ್ಲಿಲ್ಲ. ಶಿವನು ಭೂಮಿಗೆ ಇಳಿದು ಬರುವುದನ್ನು ಸ್ವಾಗತಿಸುವ ಉತ್ಸವದಲ್ಲಿ ಇಲ್ಲಿ ಜನ ಅಪಾಯಕರ ಎತ್ತರಕ್ಕೆ ಜೀಕುತ್ತಿದ್ದರು, 1935ರಿಂದ ಅದು ನಿಂತಿತು, ಉತ್ಸವದ ‘ತ್ರಿಯಂಪವಾಯ್’ ಎಂಬ ಹೆಸರು ತಮಿಳಿನ ‘ತಿರುವೆಂಪಾವೈ’ಯಿಂದ ಬಂದದ್ದು, ಹತ್ತಿರದಲ್ಲೇ ಇರುವ ದೇವಸ್ಥಾನ್ ಎಂಬ ಗುಡಿಯಲ್ಲಿ ರಾಜಮನೆತನದ ಬ್ರಾಹ್ಮಣ ಪುರೋಹಿತರು ಇಂದಿಗೂ ಪೂಜೆ ನಡೆಸುತ್ತಾರೆ ಎಂಬುದನ್ನು ತಿಳಿದವರು ಹೇಳಿದಾಗ ಆ ಕಂಬಗಳು ನಮ್ಮ ಕಡೆಯ ಜನಕ್ಕೆ ಬೇರೆಯೇ ರೀತಿ ಕಾಣತೊಡಗುತ್ತವೆ. ಹಾಗೆಯೇ ಅಲ್ಲಿಗೆ ಹತ್ತಿರದ ಲೋಹ ಪ್ರಾಸಾದದ ಮೂವತ್ತೇಳು ಶಿಖರಗಳು ಬೋಧಿಗೆ ಒಯ್ಯುವ ಮೂವತ್ತೇಳು ಗುಣಗಳ ಸಂಕೇತ ಎಂಬುದು ಯಾವ ಚಾಲಕನೂ ಬಾಡಿಗೆಯ ಜೊತೆ ಹೇಳುವ ಮಾತಲ್ಲ.

ತೊಡಕು ಇರುವುದು ಊಟದಲ್ಲಿ. ಇಂಥ ಪ್ರವಾಸಗಳ ಬೆಲೆಯಲ್ಲಿ ದೊಡ್ಡ ಪಾಲು ತಿಂಡಿಯದೇ ಆಗಿರುತ್ತದೆ, ಮತ್ತು ಅದು ಮಾಂಸ ಮೀನುಗಳ ಸುತ್ತ ಹೆಣೆದದ್ದು. ಸಸ್ಯಾಹಾರಿಗಳಿಗೆ ‘ಬದಲಿ ವ್ಯವಸ್ಥೆ’ ಇದೆ ಎಂದು ಬರೆದಿದ್ದರೂ, ಎಲ್ಲರೂ ಆರು ಬಗೆ ಸವಿಯುವಾಗ ನಿಮಗೆ ಎರಡು ಬಗೆ ಸಿಕ್ಕು, ಉಳಿದ ಹೊತ್ತು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕುಳಿತು ನಗುಮುಖ ತೋರಬೇಕಾದೀತು. ಮೀನಿನ ಸಾರವಾದ ನಾಮ್ ಪ್ಲಾ ಥಾಯ್ ಅಡುಗೆಯಲ್ಲಿ ನಮ್ಮ ಒಗ್ಗರಣೆಯಷ್ಟೇ ಸಾಮಾನ್ಯ. ತರಕಾರಿಯಂತೆ ಕಾಣುವ ತಟ್ಟೆಯಲ್ಲೂ ಅದು ಇರುತ್ತದೆ. ಮಾಂಸಾಹಾರಿಗಳಿಗೆ ನಾನು ಈ ಪ್ರವಾಸವನ್ನು ಹಿಂಜರಿಯದೆ ಹೇಳುತ್ತೇನೆ. ಸಸ್ಯಾಹಾರಿ ಕುಟುಂಬ ಊಟ ಸೇರಿರದ, ತಾಣಗಳಿಗಷ್ಟೇ ಸೀಮಿತವಾದ ಪ್ರವಾಸವನ್ನು ಆರಿಸಿಕೊಳ್ಳುವುದು ಮೇಲು. ಅದು ಅಗ್ಗವೂ ಹೌದು.

ನಾಲ್ವರ ಕುಟುಂಬಕ್ಕೆ ಲೆಕ್ಕ ಹಾಕಿದರೆ ಈ ಆಯ್ಕೆ 6,000ರಿಂದ 10,000 ಬಾತ್, ಅಂದರೆ ಹದಿನೈದರಿಂದ ಮೂವತ್ತು ಸಾವಿರ ರೂಪಾಯಿ ಆಗುತ್ತದೆ. ದಂಪತಿಗೆ ಇದು ಒಂದು ಸಂಜೆಯ ಐಷಾರಾಮ. ಆರು ಜನರ ಗುಂಪಿಗೆ ಇಡೀ ಪ್ರವಾಸದ ಬಜೆಟ್ಟನ್ನೇ ಅಲುಗಾಡಿಸುವ ಮೊತ್ತ.

ಬೀದಿಯಲ್ಲಿ ಗೊತ್ತು ಮಾಡಿದ ಟುಕ್‌ಟುಕ್

ಮೀಟರ್ ಇಲ್ಲ, ಆದ್ದರಿಂದ ಎಲ್ಲವೂ ಮಾತಿನಲ್ಲಿ. ಹಳೆಯ ನಗರದೊಳಗೆ ಒಂದು ಸಣ್ಣ ಓಡಾಟಕ್ಕೆ 100ರಿಂದ 200 ಬಾತ್ ಕೊಟ್ಟರೆ ನ್ಯಾಯವಾದ ಬೆಲೆ ಎನ್ನಬಹುದು. ಎರಡು ಮೂರು ಗಂಟೆ ಕಾಯಿಸಿಕೊಂಡು ಸುತ್ತಲು ವಾಹನಕ್ಕೆ 600ರಿಂದ 1,000 ಬಾತ್‌ವರೆಗೆ ಕೇಳುತ್ತಾರೆ. ತಲೆಗಲ್ಲ, ವಾಹನಕ್ಕೆ. ಮೂವರು ಕೂರಬಹುದಾದ್ದರಿಂದ ಮೂವರಿರುವ ಗುಂಪಿಗೆ ಇದು ಮಾರ್ಗದರ್ಶಿ ಪ್ರವಾಸದ ಕಾಲುಭಾಗಕ್ಕೂ ಇಳಿಯುತ್ತದೆ. ನಾಲ್ವರಾದರೆ ಎರಡು ವಾಹನ ಬೇಕು, ಲಾಭ ಕಡಿಮೆಯಾಗುತ್ತದೆ.

ಅಗ್ಗವಾದದ್ದೇ ಇಲ್ಲಿ ಅಪಾಯದ ಸೂಚನೆ. ಮೊದಲ ಸಲ ಹೋದಾಗ ನಲವತ್ತು ಬಾತ್‌ಗೆ ಮೂರು ಗುಡಿ ತೋರಿಸುತ್ತೇನೆಂದ ಚಾಲಕನೊಬ್ಬನ ಹಿಂದೆ ನಾನೂ ಹತ್ತಿದ್ದೆ. ಒಂದು ಗುಡಿ ಕಂಡಿತು. ಎರಡನೆಯದಕ್ಕೆ ಮೊದಲು ಒಂದು ದರ್ಜಿ ಅಂಗಡಿ ಬಂತು, ಅಲ್ಲಿ ಕೋಟಿನ ಬಟ್ಟೆ ಮುಟ್ಟಿ ನೋಡುತ್ತ ಇಪ್ಪತ್ತು ನಿಮಿಷ ಕಳೆಯದಿದ್ದರೆ ಅವನಿಗೆ ಅಂಗಡಿಯವರು ಕೊಡುವ ಇಂಧನದ ಚೀಟಿ ಸಿಗುವುದಿಲ್ಲವೆಂದು ಅವನೇ ದೀನನಾಗಿ ವಿವರಿಸಿದ. ಹೊರಬರುವಷ್ಟರಲ್ಲಿ ಸೂರ್ಯ ಮುಳುಗಿದ್ದ. ‘ಇವತ್ತು ಅರಮನೆ ರಜೆ, ಬೇರೆ ಕಡೆ ಕರೆದೊಯ್ಯುತ್ತೇನೆ’ ಎಂದು ಆರಂಭವಾಗಿ ರತ್ನದ ಅಂಗಡಿಯಲ್ಲಿ ಮುಗಿಯುವ ಪಾಠಾಂತರ ಇದಕ್ಕಿಂತ ಹೆಸರುವಾಸಿ, ಇದಕ್ಕಿಂತ ದುಬಾರಿ. ಸಂಜೆ ಏಳರ ನಂತರ ಅಂಥ ಅಂಗಡಿಗಳು ಮುಚ್ಚುವುದರಿಂದ ಈ ಕಾಟ ತಾನಾಗಿಯೇ ಕಡಿಮೆಯಾಗುತ್ತದೆ ಎಂಬುದು ಸಂಜೆಯ ಪ್ರಯಾಣದ ಪರವಾಗಿ ಹೇಳಬಹುದಾದ ಮಾತು. ಹತ್ತುವ ಮೊದಲೇ ತಾಣಗಳ ಹೆಸರು, ಕಾಯುವ ಹೊತ್ತು, ಒಟ್ಟು ಮೊತ್ತ ಈ ಮೂರನ್ನೂ ಫೋನಿನಲ್ಲಿ ಬರೆದು ತೋರಿಸಿ, ಕೊನೆಯಲ್ಲೇ ಹಣ ಕೊಡಬೇಕು. ಮಾತು ಮೀರಿ ಜಗಳವಾದರೆ ಪ್ರವಾಸಿ ಪೊಲೀಸರ ಸಂಖ್ಯೆ 1155.

ಮೆಜೆಸ್ಟಿಕ್ಕಿನಲ್ಲಿ ಆಟೋದವರೊಡನೆ ಮಾತಾಡಿ ಪಳಗಿದವರಿಗೆ ಈ ಆಯ್ಕೆ ಚೆನ್ನಾಗಿ ಒಗ್ಗುತ್ತದೆ. ಚೌಕಾಸಿಯೆಂದರೆ ಮುಜುಗರಪಡುವವರು ಮಾತ್ರ ಇದನ್ನು ಬಿಟ್ಟುಬಿಡುವುದೇ ವಾಸಿ, ಏಕೆಂದರೆ ಇಡೀ ಸಂಜೆ ‘ಮೋಸ ಹೋದೆವೇನೋ’ ಎಂಬ ಅನುಮಾನ ಕಾಡಿದರೆ ಉಳಿಸಿದ ಹಣಕ್ಕೆ ಅರ್ಥವಿಲ್ಲ.

ಇವೆರಡರ ನಡುವಿನ ದಾರಿಯೊಂದು ಆ್ಯಪ್‌ಗಳದ್ದು. ಮೂವ್‌ಮಿ ಎಂಬ ವಿದ್ಯುತ್ ಟುಕ್‌ಟುಕ್ ಸೇವೆ ಹಳೆಯ ನಗರವೂ ಸೇರಿ ಕೆಲವು ವಲಯಗಳಲ್ಲಿ ಓಡುತ್ತದೆ. ಬೆಲೆ ಮೊದಲೇ ಕಾಣುತ್ತದೆ, ಸದ್ದಿಲ್ಲ, ಹೊಗೆಯಿಲ್ಲ. ಆದರೆ ಅದು ನಿಗದಿತ ಜಾಗಗಳಲ್ಲಿ ಮಾತ್ರ ಹತ್ತಿಸಿಕೊಳ್ಳುತ್ತದೆ, ದಾರಿಯಲ್ಲಿ ಇತರರನ್ನೂ ಸೇರಿಸಿಕೊಳ್ಳುತ್ತದೆ, ಕಾಯುವ ಪದ್ಧತಿ ಇಲ್ಲ. ಆಸ್ತಮಾ ಇರುವವರಿಗೆ, ಪುಟ್ಟ ಮಕ್ಕಳಿರುವವರಿಗೆ ಇದು ಹಿತ. ಮಳೆ ಸುರಿದರೆ ಮಾತ್ರ ಗ್ರ್ಯಾಬ್ ಅಥವಾ ಬೋಲ್ಟ್‌ನಲ್ಲಿ ಕಾರು ಕರೆಯುವುದೇ ಜಾಣತನ. ಮೇಯಿಂದ ಅಕ್ಟೋಬರ್‌ವರೆಗೆ ಸಂಜೆಯ ಮಳೆ ಅಲ್ಲಿ ಸಾಮಾನ್ಯ, ಪಕ್ಕ ತೆರೆದ ವಾಹನದಲ್ಲಿ ಕುಳಿತವರು ನೆನೆಯದೆ ಇರಲಾರರು.

ಮೆಟ್ರೋ ಮತ್ತು ಕಾಲ್ನಡಿಗೆ

2019ರಲ್ಲಿ ನೀಲಿ ಮಾರ್ಗ ಹಳೆಯ ನಗರವನ್ನು ತಲುಪಿದ ಮೇಲೆ ಈ ಹೋಲಿಕೆಯ ತೂಕವೇ ಬದಲಾಗಿದೆ. ಸನಾಮ್ ಚಾಯ್ ನಿಲ್ದಾಣದಲ್ಲಿ ಇಳಿದರೆ ವಾಟ್ ಫೋ ಒಂದು ಕಡೆಗೆ ಕೆಲವೇ ನಿಮಿಷಗಳ ನಡಿಗೆ, ಹೂವಿನ ಮಾರುಕಟ್ಟೆ ಇನ್ನೊಂದು ಕಡೆಗೆ ಅಷ್ಟೇ ದೂರ. ಸಿಂಹಾಸನ ಮಂದಿರದಂತೆ ಅಲಂಕರಿಸಿದ ಆ ನಿಲ್ದಾಣವನ್ನೇ ನಿಂತು ನೋಡುವವರಿದ್ದಾರೆ. ಮುಂದಿನ ಸಾಮ್ ಯೋತ್ ನಿಲ್ದಾಣ ಭಾರತೀಯರ ಪೇಟೆಯಾದ ಫಾಹುರಾತ್‌ಗೂ ಮಹಾ ಉಯ್ಯಾಲೆಗೂ ಹತ್ತಿರ. ಅದರ ಮುಂದಿನ ವಾಟ್ ಮಂಗ್ಕೋನ್‌ನಿಂದ ಯಾವರಾಟ್ ರಸ್ತೆಗೆ ಐದು ನಿಮಿಷ. ಸ್ಪರ್ಶಿಸಿ ಪಾವತಿಸುವ ವೀಸಾ ಅಥವಾ ಮಾಸ್ಟರ್‌ಕಾರ್ಡ್ ಇದ್ದರೆ ಟಿಕೆಟ್ಟಿಗೆ ಸರದಿಯಲ್ಲಿ ನಿಲ್ಲುವ ಅಗತ್ಯವೂ ಇಲ್ಲ. ನಾಲ್ವರ ಇಡೀ ಸಂಜೆಯ ಓಡಾಟ 500 ಬಾತ್‌ನೊಳಗೆ ಮುಗಿಯುತ್ತದೆ. ಉಳಿದ ಖರ್ಚು ದೇವಾಲಯದ ಪ್ರವೇಶ ಮತ್ತು ಊಟದ್ದು.

ಸಸ್ಯಾಹಾರಿಗಳಿಗೆ ಈ ದಾರಿ ಹೆಚ್ಚು ಸ್ವಾತಂತ್ರ್ಯ ಕೊಡುತ್ತದೆ. ಗುರುದ್ವಾರವೂ ಬಟ್ಟೆ ಅಂಗಡಿಗಳೂ ಇರುವ ಫಾಹುರಾತ್‌ನ ಓಣಿಗಳಲ್ಲಿ ರೊಟ್ಟಿ ಪಲ್ಯಕ್ಕೆ ಕೊರತೆಯಿಲ್ಲ. ಆದರೆ ಬಹಳಷ್ಟು ಕಡೆ ಬೇಗ ಬಾಗಿಲು ಹಾಕುವುದರಿಂದ ಯಾವರಾಟ್‌ಗಿಂತ ಮೊದಲು ಇಲ್ಲಿಗೆ ಹೋಗಬೇಕು. ಥಾಯ್ ರುಚಿಯೇ ಬೇಕೆಂದರೆ ಹಳದಿ ಬಾವುಟದ ಮೇಲೆ ಕೆಂಪು ಅಕ್ಷರದಲ್ಲಿ ಬರೆದ ‘ಜೇ’ ಗುರುತನ್ನು ಹುಡುಕಬೇಕು. ಚೀನೀ ಬೌದ್ಧ ಸಂಪ್ರದಾಯದ ಈ ಅಡುಗೆಯಲ್ಲಿ ಮಾಂಸ, ಮೊಟ್ಟೆ, ಹಾಲು, ಮೀನಿನ ಸಾರ ಇರುವುದಿಲ್ಲ. ಈರುಳ್ಳಿ ಬೆಳ್ಳುಳ್ಳಿಯೂ ವರ್ಜ್ಯ, ಹೀಗಾಗಿ ನಮ್ಮಲ್ಲಿ ಅವನ್ನು ಬಿಟ್ಟವರೂ ನೆಮ್ಮದಿಯಿಂದ ಉಣ್ಣಬಹುದು. ‘ಕಿನ್ ಜೇ’ ಎಂದರೆ ಸಾಕು, ಅರ್ಥವಾಗುತ್ತದೆ. ಬೇರೆ ಅಂಗಡಿಗಳಲ್ಲಿ ‘ಮೈ ಸೈ ನಾಮ್ ಪ್ಲಾ’ ಎಂದು ಮೀನಿನ ಸಾರ ಬೇಡವೆನ್ನಬಹುದು, ಫಲ ಅಡುಗೆಯವರ ಮೇಲೆ ಬಿಟ್ಟದ್ದು.

ಕೊರತೆ ಎಂದರೆ ನಡಿಗೆ. ಕತ್ತಲಾದ ಮೇಲೂ ಸೆಖೆ ಇಳಿಯದ ಊರಿನಲ್ಲಿ ನಾಲ್ಕೈದು ಕಿಲೋಮೀಟರ್ ನಡೆಯುವುದು, ಅದೂ ಅಂಗಡಿಗಳು ಅರ್ಧ ಆಕ್ರಮಿಸಿದ ಕಾಲುದಾರಿಯಲ್ಲಿ, ಅರವತ್ತೈದು ದಾಟಿದವರಿಗೆ ಸುಲಭವಲ್ಲ. ಲೋಹ ಪ್ರಾಸಾದ, ಸ್ವರ್ಣಗಿರಿ ಇರುವ ಭಾಗ ಸಾಮ್ ಯೋತ್‌ನಿಂದ ಸಾಕಷ್ಟು ಒಳಗಿರುವುದರಿಂದ ಮೆಟ್ರೋ ನಂಬಿದವರು ಅದನ್ನು ಬಿಟ್ಟುಬಿಡುವುದೇ ಹೆಚ್ಚು.

ನದಿಯ ಮೇಲಿನ ಊಟದ ಹಡಗನ್ನು ಸೂಚಿಸುವವರೂ ಇದ್ದಾರೆ. ದೀಪ ಹಾಕಿದ ವಾಟ್ ಅರುಣ್ ಅಲ್ಲಿಂದ ಚೆನ್ನಾಗಿ ಕಾಣುತ್ತದೆ, ಕುಳಿತಲ್ಲೇ ಎಲ್ಲವೂ ಆಗುತ್ತದೆ, ಭಾರತೀಯ ಊಟವೂ ಹಲವು ಹಡಗುಗಳಲ್ಲಿ ಇರುತ್ತದೆ. ಆದರೆ ಬೀದಿ ನೋಡಿದಂತಾಗುವುದಿಲ್ಲ, ಸಂಗೀತದ ಅಬ್ಬರ ಬೇರೆ. ನಡೆಯಲು ಆಗದವರಿಗೆ ಮಾತ್ರ ನಾನು ಅದನ್ನು ಹೇಳುತ್ತೇನೆ.

ಯಾರಿಗೆ ಯಾವುದು

ಮೊದಲ ಸಲ ಹೋಗುವ ದಂಪತಿ, ಮಾಂಸಾಹಾರಕ್ಕೆ ಅಭ್ಯಂತರವಿಲ್ಲ, ಹಣಕ್ಕಿಂತ ಸಮಯದ ಅಭಾವ ಹೆಚ್ಚು ಎಂದಾದರೆ ಮಾರ್ಗದರ್ಶಿ ಪ್ರವಾಸವೇ ಸರಿ. ಐದೂವರೆಗೆ ಮೊದಲು ಹೊರಡುವಂಥದ್ದನ್ನು ಹುಡುಕಿ, ಇಲ್ಲದಿದ್ದರೆ ವಾಟ್ ಫೋ ಕೂಡ ಹೊರಗಿನಿಂದಲೇ ನೋಡಬೇಕಾದೀತು. ಮೂವರು ಗೆಳೆಯರಿಗೆ ಬೀದಿಯ ಟುಕ್‌ಟುಕ್‌ನಷ್ಟು ಮೋಜಿನದೂ ಅಗ್ಗದ್ದೂ ಇನ್ನೊಂದಿಲ್ಲ. ಹಿರಿಯರನ್ನು ಕರೆದೊಯ್ಯುವ ಸಸ್ಯಾಹಾರಿ ಕುಟುಂಬಕ್ಕೆ ನಾನು ಹೇಳುವುದು ಬೆರಕೆಯ ದಾರಿಯನ್ನು: ನಾಲ್ಕೂವರೆಗೆ ಸನಾಮ್ ಚಾಯ್‌ಗೆ ಮೆಟ್ರೋದಲ್ಲಿ ಬಂದು, ವಾಟ್ ಫೋ ನೋಡಿ, ಥಾ ತಿಯನ್‌ನಲ್ಲಿ ಸೂರ್ಯಾಸ್ತ ಕಂಡು, ಅಲ್ಲಿಂದ ಟುಕ್‌ಟುಕ್‌ನಲ್ಲಿ ಮಹಾ ಉಯ್ಯಾಲೆಯ ಮುಂದೆ ಹತ್ತು ನಿಮಿಷ ಇಳಿದು ಫಾಹುರಾತ್‌ಗೆ ಊಟಕ್ಕೆ ಹೋಗುವುದು. ಟುಕ್‌ಟುಕ್‌ನ ಗಾಳಿ, ಸದ್ದು, ಬಣ್ಣದ ದೀಪ ಎಲ್ಲವೂ ಆ ಅರ್ಧ ಗಂಟೆಯಲ್ಲೇ ಸಿಕ್ಕಿಬಿಡುತ್ತವೆ. ನಾಲ್ಕು ಗಂಟೆ ಕೂರುವ ಅಗತ್ಯ ಬೆನ್ನಿಗೂ ಇಲ್ಲ, ಜೇಬಿಗೂ ಇಲ್ಲ. ದೇವಾಲಯಕ್ಕೆ ಹೋಗುವವರು ಭುಜ ಮತ್ತು ಮೊಣಕಾಲು ಮುಚ್ಚುವ ಉಡುಪು ಧರಿಸಿರಬೇಕು, ಯಾವ ವಾಹನದಲ್ಲಿ ಬಂದರೂ.

ಯಾವ ಆಯ್ಕೆಯಾದರೂ, ಕೊನೆಯಲ್ಲಿ ಹೋಟೆಲಿನ ಮುಂದೆ ಇಳಿಸಿ ಎನ್ನುವ ಬದಲು ಹೂವಿನ ಮಾರುಕಟ್ಟೆಯಲ್ಲಿ ಇಳಿಸಿ ಎಂದು ಚಾಲಕನಿಗೆ ಹೇಳಬಹುದು. ಹತ್ತು ಗಂಟೆಯ ಹೊತ್ತಿಗೆ ಅಲ್ಲಿ ಚೆಂಡುಹೂವಿನ ಮೂಟೆಗಳನ್ನು ಬಿಚ್ಚುತ್ತಿರುತ್ತಾರೆ, ಮಲ್ಲಿಗೆ ಮಾಲೆ ಕಟ್ಟುವ ಹೆಂಗಸರ ಬೆರಳುಗಳು ನಮ್ಮ ಗಾಂಧಿ ಬಜಾರಿನವರಷ್ಟೇ ಚುರುಕಾಗಿ ಓಡುತ್ತಿರುತ್ತವೆ, ಯಾರೂ ಏನನ್ನೂ ಕೊಳ್ಳಿ ಎಂದು ಕಾಡುವುದಿಲ್ಲ. ಸನಾಮ್ ಚಾಯ್ ನಿಲ್ದಾಣ ಅಲ್ಲಿಂದ ಕೂಗಳತೆಯಲ್ಲಿದೆ, ಮೆಟ್ರೋ ಓಡುವುದು ಸುಮಾರು ನಡುರಾತ್ರಿಯವರೆಗೆ.